ಹಳಿ ಮತ್ತು ಕಾಲುವೆ: ಮದರಾಸಿನ ರೈಲು, ಧಾತು ವರ್ಷದ ಬರ ಮತ್ತು ಕೆಲವು ಪುಸ್ತಕಗಳು

ಭಾರತದ ಮೊದಲ ರೈಲು ಯಾವುದೆಂದು ಕೇಳಿದರೆ ಶಾಲೆಯ ಮಕ್ಕಳೂ 1853ರ ಏಪ್ರಿಲ್ 16ರಂದು ಬೊಂಬಾಯಿಯಿಂದ ಠಾಣೆಗೆ ಹೊರಟ ಗಾಡಿಯ ಹೆಸರು ಹೇಳುತ್ತಾರೆ. ಪ್ರಯಾಣಿಕರ ಗಾಡಿಯ ಮಟ್ಟಿಗೆ ಆ ಉತ್ತರ ಸರಿ. ಆದರೆ ಅದಕ್ಕೂ ಹದಿನಾರು ವರ್ಷ ಮೊದಲು, 1837ರಲ್ಲಿ, ಮದರಾಸಿನ ಹೊರವಲಯದ ರೆಡ್ ಹಿಲ್ಸ್ ಬಳಿ ಕಲ್ಲು ಸಾಗಿಸಲು ಹಳಿ ಹಾಕಿದ್ದರು. ತಮಿಳರು ಸೆಂಗುಂಡ್ರಂ ಎಂದು ಕರೆಯುವ ಆ ಕೆಂಪು ದಿಬ್ಬಗಳ ಜಂಬಿಟ್ಟಿಗೆ ಕಲ್ಲು ಮದರಾಸಿನ ರಸ್ತೆಗಳಿಗೆ ಬೇಕಾಗಿತ್ತು. ಉಗಿಯಂತ್ರವನ್ನೂ ಅಲ್ಲಿ ಪರೀಕ್ಷಿಸಿ ನೋಡಿದರು. ಆದರೂ ಬಂಡಿಗಳನ್ನು ಹೆಚ್ಚಾಗಿ ಎಳೆದದ್ದು ಪ್ರಾಣಿಗಳೇ. ಕೆಲವು ವರ್ಷಗಳಲ್ಲಿ ಆ ಹಳಿ ಮುಚ್ಚಿಹೋಯಿತು. ರೈಲ್ವೆಯ ದೊಡ್ಡ ಇತಿಹಾಸಗಳು ಬಹುಕಾಲ ಅದಕ್ಕೆ ಒಂದು ಸಾಲನ್ನೂ ಕೊಡಲಿಲ್ಲ.

ಆ ಹಳಿಯ ಹಿಂದಿದ್ದ ಎಂಜಿನಿಯರ್ ಆರ್ಥರ್ ಕಾಟನ್. 1803ರಲ್ಲಿ ಹುಟ್ಟಿ, ಹದಿಹರೆಯ ಮುಗಿಯುವ ಮುನ್ನವೇ ಮದರಾಸಿಗೆ ಬಂದ ಸೈನ್ಯದ ಎಂಜಿನಿಯರ್. ಕಾವೇರಿಯ ಕವಲಾದ ಕೊಳ್ಳಿಡಂಗೆ ಅಣೆಕಟ್ಟು ಕಟ್ಟಿಸಿ, ಮುಂದೆ ಧವಳೇಶ್ವರದಲ್ಲಿ ಗೋದಾವರಿಗೆ ಅಡ್ಡಗಟ್ಟೆ ಹಾಕಿಸಿ ತಂಜಾವೂರು ಮತ್ತು ಗೋದಾವರಿ ಜಿಲ್ಲೆಗಳ ಹೊಲಗಳಿಗೆ ನೀರು ಹರಿಸಿದವನು. ಭಾರತದ ಮೊದಲ ಹಳಿಗಳಲ್ಲೊಂದನ್ನು ಹಾಕಿಸಿದ ಇದೇ ಮನುಷ್ಯ ಉಳಿದ ಅರವತ್ತು ವರ್ಷ ಭಾರತದ ರೈಲ್ವೆಯ ಅತ್ಯಂತ ಹಟಮಾರಿ ವಿರೋಧಿಯಾಗಿ ಬಾಳಿದ. ಮದರಾಸಿನ ರೈಲಿನ ಬಗ್ಗೆ ಬಂದಿರುವ ಪುಸ್ತಕಗಳನ್ನು ಸಾಲಾಗಿ ಇಟ್ಟುಕೊಂಡು ಓದಿದರೆ, ಈ ವಿರೋಧ ಅವುಗಳ ನಡುವೆ ಒಂದು ನೂಲಿನಂತೆ ಹಾದುಹೋಗುವುದು ಕಾಣುತ್ತದೆ. ಆ ನೂಲು ಬೆಂಗಳೂರು, ಬಳ್ಳಾರಿ, ತುಮಕೂರು, ಚಿತ್ರದುರ್ಗಗಳ ಮೂಲಕವೂ ಹಾದುಹೋಗುತ್ತದೆ.

ಕಾಟನ್ 1854ರಲ್ಲಿ ಲಂಡನ್ನಿನಲ್ಲಿ ಭಾರತದ ಲೋಕೋಪಯೋಗಿ ಕಾಮಗಾರಿಗಳ ಬಗ್ಗೆ ಒಂದು ಪುಸ್ತಕ ಪ್ರಕಟಿಸಿದ. ವಾದ ಸರಳವಾಗಿತ್ತು. ಈ ದೇಶದಲ್ಲಿ ಸಾಗಬೇಕಾದದ್ದು ಹೆಚ್ಚಾಗಿ ಭಾರದ, ಅಗ್ಗದ ಸರಕು: ಧಾನ್ಯ, ಉಪ್ಪು, ಹತ್ತಿ, ಕಟ್ಟಿಗೆ. ಇವು ಒಂದು ದಿನ ತಡವಾಗಿ ತಲುಪಿದರೆ ನಷ್ಟವಿಲ್ಲ, ಸಾಗಣೆ ದುಬಾರಿಯಾದರೆ ನಷ್ಟವಿದೆ. ದೋಣಿ ಸಾಗುವ ಕಾಲುವೆ ರೈಲಿಗಿಂತ ಅಗ್ಗ. ಮೇಲಾಗಿ ಕಾಲುವೆ ಸರಕನ್ನೂ ಸಾಗಿಸುತ್ತದೆ, ಹೊಲಕ್ಕೆ ನೀರನ್ನೂ ಕೊಡುತ್ತದೆ. ರೈಲು ಬೆಳೆದ ಧಾನ್ಯವನ್ನು ಒಂದೂರಿನಿಂದ ಇನ್ನೊಂದೂರಿಗೆ ಒಯ್ಯಬಲ್ಲದೇ ಹೊರತು ಒಂದು ಕಾಳನ್ನೂ ಬೆಳೆಯಲಾರದು. ಹಾಗಿದ್ದಮೇಲೆ ಸರಕಾರ ಮೊದಲು ಯಾವುದಕ್ಕೆ ಹಣ ಹಾಕಬೇಕು ಎಂಬುದು ಅವನ ಪ್ರಶ್ನೆ.

ಸರಕಾರ ಆಗಲೇ ಉತ್ತರ ಕೊಟ್ಟಾಗಿತ್ತು. ಮದರಾಸು ರೈಲ್ವೆ ಕಂಪನಿ 1853ರಲ್ಲಿ ಕೆಲಸ ಆರಂಭಿಸಿತ್ತು. ಇಂಗ್ಲೆಂಡಿನಲ್ಲಿ ಷೇರು ಕೊಂಡವರಿಗೆ ಶೇಕಡಾ 5ರ ವರಮಾನ ಖಾತರಿ. ಕಂಪನಿ ಅಷ್ಟು ಗಳಿಸದಿದ್ದರೆ ಉಳಿದದ್ದನ್ನು ಭಾರತದ ಕಂದಾಯದಿಂದ ತುಂಬಿಕೊಡುವ ಒಪ್ಪಂದ. ಲಾಭ ಬಂದರೆ ಕಂಪನಿಗೆ, ನಷ್ಟವಾದರೆ ರೈತನಿಗೆ. 1856ರ ಜುಲೈ 1ರಂದು ರಾಯಪುರಂ ನಿಲ್ದಾಣದಿಂದ ಆರ್ಕಾಟಿನ ಕಡೆಗೆ, ವಾಲಾಜಾ ರಸ್ತೆಯವರೆಗೆ, ಸುಮಾರು 100 ಕಿಲೋಮೀಟರ್ ದೂರ ಜನರ ಗಾಡಿ ಓಡತೊಡಗಿತು. ರಾಯಪುರಂನ ಆ ಕಂಬಗಳ ಕಟ್ಟಡ ಇಂದಿಗೂ ನಿಂತಿದೆ. ಬೊಂಬಾಯಿ ಮತ್ತು ಠಾಣೆಯ ಮೂಲ ಕಟ್ಟಡಗಳು ಉಳಿದಿಲ್ಲವಾದ್ದರಿಂದ ಈ ದೇಶದ ಹಳೆಯ ನಿಲ್ದಾಣವೆಂಬ ಹೆಸರು ಅದಕ್ಕೇ ಸಂದಿದೆ.

ಆ ಹಳಿ ಪಶ್ಚಿಮಕ್ಕೆ ಬೆಳೆದು 1862ರಲ್ಲಿ ಮಲಬಾರಿನ ಬೇಪೂರಿನ ಕಡಲನ್ನು ಮುಟ್ಟಿತು. ನಡುವಿನ ಜೋಲಾರಪೇಟೆಯಿಂದ ಒಂದು ಕವಲು ಘಟ್ಟ ಹತ್ತಿ 1864ರ ಆಗಸ್ಟ್‌ನಲ್ಲಿ ಬೆಂಗಳೂರಿನ ದಂಡು ಪ್ರದೇಶಕ್ಕೆ ಬಂತು. ಇನ್ನೊಂದು ಕವಲು ಅರಕ್ಕೋಣಂನಿಂದ ವಾಯವ್ಯಕ್ಕೆ ಹೊರಟು ಕಡಪ, ಗುತ್ತಿ, ಗುಂತಕಲ್ಲು, ಆಗ ಬಳ್ಳಾರಿ ಜಿಲ್ಲೆಗೆ ಸೇರಿದ್ದ ಆದೋನಿಗಳನ್ನು ದಾಟಿ 1871ರಲ್ಲಿ ರಾಯಚೂರಿನಲ್ಲಿ ಬೊಂಬಾಯಿಯ ಹಳಿಯನ್ನು ಕೂಡಿತು. ನಕ್ಷೆ ಬಿಡಿಸಿ ನೋಡಿದರೆ ಕನ್ನಡ ನಾಡು ರೈಲಿನ ಲೆಕ್ಕದಲ್ಲಿ ಮದರಾಸಿನ ಎರಡು ಕೈಗಳ ತುದಿಯಲ್ಲಿ ಸಿಕ್ಕಿಕೊಂಡಂತೆ ಕಾಣುತ್ತದೆ. ಒಂದು ಕೈ ಬೆಂಗಳೂರನ್ನು ಹಿಡಿದಿದೆ, ಇನ್ನೊಂದು ರಾಯಚೂರನ್ನು. ಮಧ್ಯದ ತುಮಕೂರು, ಚಿತ್ರದುರ್ಗ, ಹಾಸನ, ಶಿವಮೊಗ್ಗ, ಮೈಸೂರುಗಳಿಗೆ ಹಳಿಯೇ ಇಲ್ಲ. ಬೆಂಗಳೂರಿನ ದಂಡಿನಲ್ಲಿದ್ದ ಸೈನಿಕನಿಗೆ ಮದರಾಸು ಒಂದು ರಾತ್ರಿಯ ಪ್ರಯಾಣ. ಅದೇ ಬೆಂಗಳೂರಿನಿಂದ ಚಿತ್ರದುರ್ಗಕ್ಕೆ ಎತ್ತಿನ ಗಾಡಿಯಲ್ಲಿ ಹಲವು ದಿನ.

ಈ ನಕ್ಷೆ ಒಣಗುವ ಮುನ್ನವೇ ಮಳೆ ಕೈಕೊಟ್ಟಿತು. 1876ರಲ್ಲಿ ಮುಂಗಾರು ಹೋಯಿತು, ಹಿಂಗಾರೂ ಹೋಯಿತು. ಅದು ಧಾತು ಸಂವತ್ಸರ, ಮುಂದಿನದು ಈಶ್ವರ. ಕನ್ನಡದ ಹಳ್ಳಿಗಳಲ್ಲಿ ಧಾತು ಈಶ್ವರದ ಬರ ಎಂದು, ತಮಿಳುನಾಡಿನಲ್ಲಿ ಧಾತು ವರ್ಷದ ಪಂಜಂ ಎಂದು ತಲೆಮಾರುಗಳ ಕಾಲ ನೆನಪಿನಲ್ಲಿ ಉಳಿದದ್ದು ಇದೇ. ಹಳಿ ಬಂದ ಮೇಲೆ ದಕ್ಷಿಣ ಭಾರತಕ್ಕೆ ಬಂದ ಮೊದಲ ಮಹಾಕ್ಷಾಮ ಇದು. ರೈಲು ಇದ್ದರೆ ಕ್ಷಾಮದಲ್ಲಿ ಜನ ಸಾಯುವುದಿಲ್ಲ ಎಂಬ ಮಾತಿಗೆ ಇದು ಪರೀಕ್ಷೆಯಾಯಿತು.

ಆ ಪರೀಕ್ಷೆಯ ವರದಿಯನ್ನು ಬರೆದವರಲ್ಲಿ ಮುಖ್ಯನಾದವನು ವಿಲಿಯಂ ಡಿಗ್ಬಿ. ಆತ ಮದರಾಸು ಟೈಮ್ಸ್ ಪತ್ರಿಕೆಯ ಸಂಪಾದಕ, ಇಂಗ್ಲೆಂಡಿನಿಂದ ಬಂದ ದಾನದ ಹಣವನ್ನು ಹಂಚಿದ ಪರಿಹಾರ ನಿಧಿಯ ಸಮಿತಿಯ ಕಾರ್ಯದರ್ಶಿಯೂ ಹೌದು. 1878ರಲ್ಲಿ ಆತ ದಕ್ಷಿಣ ಭಾರತದ ಕ್ಷಾಮದ ಬಗ್ಗೆ ಎರಡು ದಪ್ಪ ಸಂಪುಟಗಳನ್ನು ಪ್ರಕಟಿಸಿದ. ಮದರಾಸು, ಬೊಂಬಾಯಿ ಪ್ರಾಂತಗಳ ಜೊತೆ ಮೈಸೂರಿಗೂ ಅದರಲ್ಲಿ ಜಾಗವಿದೆ. ಇದನ್ನು ರೈಲ್ವೆಯ ಪುಸ್ತಕವೆಂದು ಗ್ರಂಥಾಲಯದವರು ಯಾರೂ ಗುರುತಿಸುವುದಿಲ್ಲ. ಆದರೆ ಹಳಿ ಹೇಗೆ ಕೆಲಸ ಮಾಡಿತು, ಎಲ್ಲಿ ಸೋತಿತು ಎಂಬುದನ್ನು ಇಷ್ಟು ಹತ್ತಿರದಿಂದ ಹೇಳುವ ಪುಸ್ತಕ ಆ ಕಾಲದಲ್ಲಿ ಇನ್ನೊಂದಿಲ್ಲ.

ಡಿಗ್ಬಿಯ ಪುಟಗಳಲ್ಲಿ ಮದರಾಸಿನ ಕಡಲ ದಂಡೆಯ ಮೇಲೆ ಧಾನ್ಯದ ಮೂಟೆಗಳು ರಾಶಿ ಬಿದ್ದಿವೆ. ಬಂಗಾಳದಿಂದ, ಬರ್ಮಾದಿಂದ ಹಡಗುಗಳು ಅಕ್ಕಿ ತಂದು ಸುರಿದಿವೆ. ಹಳಿ ಇದೆ, ಎಂಜಿನ್ ಇದೆ. ಆದರೆ ಬಹುತೇಕ ಒಂಟಿ ಹಳಿಯ ಮೇಲೆ ದಿನಕ್ಕೆ ಓಡಬಲ್ಲ ಗಾಡಿಗಳಿಗೆ ಮಿತಿಯಿದೆ. ಒಳನಾಡಿನ ನಿಲ್ದಾಣಕ್ಕೆ ಬಂದ ಮೂಟೆ ಅಲ್ಲಿಂದ ಹಳ್ಳಿಗೆ ಹೋಗಬೇಕಾದರೆ ಎತ್ತಿನ ಗಾಡಿ ಬೇಕು. ಮಳೆ ಇಲ್ಲದೆ ಮೇವಿಲ್ಲ, ಮೇವಿಲ್ಲದೆ ಎತ್ತುಗಳು ಸತ್ತಿವೆ. ಎಲ್ಲಿ ಹಳಿ ಮುಗಿಯುತ್ತದೋ ಅಲ್ಲೇ ಧಾನ್ಯವೂ ನಿಲ್ಲುತ್ತದೆ. ಬೆಂಗಳೂರಿನವರೆಗೆ ಅಕ್ಕಿ ಬಂದರೂ ಚಿತ್ರದುರ್ಗದ ಹಳ್ಳಿಗೆ ಅದು ತಲುಪದ ಕಾರಣ ಇಷ್ಟೇ.

ಎರಡನೆಯ ತೊಡಕು ಇನ್ನೂ ಕಠಿಣವಾದದ್ದು. ರೈಲು ತಂತಿಯ ಜೊತೆಗೆ ಬಂದಿತ್ತು. ಯಾವ ಊರಿನಲ್ಲಿ ಬೆಲೆ ಏರಿದೆ ಎಂಬ ಸುದ್ದಿ ವ್ಯಾಪಾರಿಗೆ ಅದೇ ದಿನ ಸಿಗುತ್ತಿತ್ತು, ಆ ಊರಿಗೆ ಆತ ಮೂಟೆ ಕಳಿಸುತ್ತಿದ್ದ. ಇದರಿಂದ ಬರದ ಊರಿಗೆ ಧಾನ್ಯ ಬಂತು ನಿಜ. ಆದರೆ ಬರವಿಲ್ಲದ ಊರಿನಲ್ಲೂ ಬೆಲೆ ಏರಿತು, ಅಲ್ಲಿನ ಕೂಲಿಯವನೂ ಹಸಿದ. ಬರದ ಊರಿಗೆ ಬಂದ ಧಾನ್ಯವನ್ನು ಕೊಳ್ಳಲು ಕಾಸಿದ್ದವರು ಕೊಂಡರು. ಬೆಳೆ ಹೋಗಿ, ಕೂಲಿ ಹೋಗಿ, ಬಟ್ಟೆ ಕೊಳ್ಳುವವರಿಲ್ಲದೆ ಮಗ್ಗವೂ ನಿಂತುಹೋದ ಮನೆಗಳಿಗೆ ನಿಲ್ದಾಣದ ಮೂಟೆ ಕಣ್ಣಿಗೆ ಕಂಡರೂ ಕೈಗೆ ಎಟುಕಲಿಲ್ಲ.

ಮದರಾಸಿನ ಗವರ್ನರ್ ಆಗಿದ್ದ ಬಕಿಂಗ್‌ಹ್ಯಾಮ್ ಡ್ಯೂಕ್ ಸುಮಾರು 30,000 ಟನ್ ಧಾನ್ಯವನ್ನು ಸರಕಾರದ ಲೆಕ್ಕದಲ್ಲಿ ಕೊಳ್ಳಿಸಿದಾಗ ಕಲಕತ್ತೆಯ ಸರಕಾರ ಒಪ್ಪಲಿಲ್ಲ. ಖಾಸಗಿ ವ್ಯಾಪಾರಕ್ಕೆ ಕೈ ಹಾಕಬಾರದು ಎಂಬುದು ಅದರ ನೀತಿ. ಪರಿಹಾರದ ಖರ್ಚು ಹಿಡಿತದಲ್ಲಿಡಲು ಬಂದ ರಿಚರ್ಡ್ ಟೆಂಪಲ್ 1877ರ ಜನವರಿಯಲ್ಲಿ ಕಾಮಗಾರಿಯ ಕೂಲಿಯನ್ನು ಗಂಡಾಳಿಗೆ ದಿನಕ್ಕೆ ಒಂದು ಪೌಂಡ್ ಧಾನ್ಯ ಮತ್ತು ಸ್ವಲ್ಪ ಕಾಸಿಗೆ ಇಳಿಸಿದ. ಒಂದು ಪೌಂಡ್ ಎಂದರೆ ಅರ್ಧ ಕಿಲೋಗೂ ಕಡಿಮೆ. ಮದರಾಸಿನ ಆರೋಗ್ಯ ಕಮಿಷನರ್ ಡಾಕ್ಟರ್ ಕಾರ್ನಿಷ್ ಇದು ಮಣ್ಣು ಹೊರುವ ಆಳಿಗೆ ಸಾಲದೆಂದು ಬಹಿರಂಗವಾಗಿಯೇ ವಾದಿಸಿದ. ಕೆಲವು ತಿಂಗಳ ಬಳಿಕ ಸರಕಾರ ಆ ಕೂಲಿಯನ್ನು ಸಡಿಲಿಸಬೇಕಾಯಿತು. ಈ ಜಗಳದ ಕಾಗದಪತ್ರಗಳೆಲ್ಲ ಡಿಗ್ಬಿಯ ಸಂಪುಟಗಳಲ್ಲಿ ದಾಖಲಾಗಿವೆ.

ಡಿಗ್ಬಿಯ ಪಕ್ಕದಲ್ಲಿ ಇಡಬೇಕಾದ ಪುಸ್ತಕ ಬೆಂಗಳೂರಿನಲ್ಲೇ ಹುಟ್ಟಿದ ಬಿ. ಎಲ್. ರೈಸ್ ಅವರದು. ಶಾಸನಗಳ ಸಂಗ್ರಾಹಕರೆಂದು ಕನ್ನಡಿಗರಿಗೆ ಪರಿಚಿತರಾದ ರೈಸ್ ಮೈಸೂರು ಮತ್ತು ಕೊಡಗಿನ ಗೆಜೆಟಿಯರಿನ ಮೊದಲ ಸಂಪುಟಗಳನ್ನು ಹೊರತಂದದ್ದು 1877ರಲ್ಲಿ, ಬರ ತುತ್ತತುದಿಯಲ್ಲಿದ್ದ ವರ್ಷ. ಅದಕ್ಕೆ ಆಧಾರವಾದದ್ದು 1871ರ ಜನಗಣತಿ. ಆ ಗಣತಿಯಲ್ಲಿ ಮೈಸೂರು ಸೀಮೆಯ ಜನಸಂಖ್ಯೆ 50,55,412. ಪುಸ್ತಕ ಓದುಗರ ಕೈ ಸೇರುವ ಹೊತ್ತಿಗೆ ಅದರಲ್ಲಿ ಎಣಿಸಿದ್ದ ಜನರಲ್ಲಿ ಲಕ್ಷಾಂತರ ಮಂದಿ ಇರಲಿಲ್ಲ. 1881ರ ಗಣತಿ ಕೊಟ್ಟ ಸಂಖ್ಯೆ 41,86,188. ಹತ್ತು ವರ್ಷದಲ್ಲಿ ಹುಟ್ಟಿದವರನ್ನೆಲ್ಲ ಸೇರಿಸಿದ ಮೇಲೂ ಸುಮಾರು 8,69,000 ಜನ ಕಡಿಮೆ. ಎಂದರೆ ನೂರಕ್ಕೆ ಹದಿನೇಳು. 1897ರಲ್ಲಿ ರೈಸ್ ಅದೇ ಗೆಜೆಟಿಯರನ್ನು ಪರಿಷ್ಕರಿಸಿ ಎರಡು ಸಂಪುಟಗಳಲ್ಲಿ ತಂದರು. ಎರಡು ಮುದ್ರಣಗಳನ್ನು ಒಟ್ಟಿಗೆ ಇಟ್ಟು ಓದಿದರೆ ಅವುಗಳ ನಡುವಿನ ಅಂತರವೇ ಒಂದು ಸಾವಿನ ಲೆಕ್ಕವಾಗುತ್ತದೆ.

ಮೈಸೂರು ಸೀಮೆಯ ಬಡವರ ಊಟ ರಾಗಿ. ರಾಗಿಗೆ ಹುಳು ಹಿಡಿಯುವುದು ಅಪರೂಪ. ಹಗೇವಿನಲ್ಲಿ ತುಂಬಿ ಬಾಯಿ ಮುಚ್ಚಿದರೆ ವರ್ಷಗಟ್ಟಲೆ ಕೆಡದೆ ಉಳಿಯುತ್ತದೆ. ಮಳೆಯನ್ನು ನಂಬಲಾಗದ ನಾಡು ತನಗಾಗಿ ಕಂಡುಕೊಂಡಿದ್ದ ವಿಮೆ ಅದು. ಕ್ಷಾಮದ ಬಗ್ಗೆ ಬರೆದವರಲ್ಲಿ ಒಂದು ಪಕ್ಷ, ಕಂದಾಯವನ್ನು ನಗದಿನಲ್ಲಿ ಕಟ್ಟಬೇಕಾದದ್ದು ಮತ್ತು ಹಳಿ ತಂದ ದೂರದ ಮಾರುಕಟ್ಟೆ ಎರಡೂ ಸೇರಿ ಇಂಥ ಕಣಜಗಳನ್ನು ಬರಿದು ಮಾಡಿದವು ಎಂದಿತು. ಇನ್ನೊಂದು ಪಕ್ಷ, ಸತತವಾಗಿ ಬೆಳೆ ಹೋದರೆ ಯಾವ ಹಗೇವೂ ಸಾಲದು, ಹೊರಗಿನಿಂದ ಧಾನ್ಯ ತರಲು ಹಳಿಯೇ ಬೇಕು ಎಂದಿತು. ಎರಡೂ ಮಾತಿಗೆ ಆಧಾರಗಳಿವೆ.

ಬರ ಮುಗಿಯುತ್ತಿದ್ದಂತೆ ಎಪ್ಪತ್ತೈದರ ವಯಸ್ಸಿನ ಕಾಟನ್ ಮತ್ತೆ ಮುಂದೆ ಬಂದ. 1878ರಲ್ಲಿ ಇಂಗ್ಲೆಂಡಿನ ಸಂಸತ್ತು ಭಾರತದ ಕಾಮಗಾರಿಗಳ ಬಗ್ಗೆ ಒಂದು ಸಮಿತಿ ನೇಮಿಸಿತ್ತು. ಅದರ ಮುಂದೆ ನಿಂತು ಕಾಟನ್ ದೇಶದ ಉದ್ದಗಲಕ್ಕೂ ದೋಣಿ ಸಾಗುವ ಕಾಲುವೆಗಳು ಬೇಕೆಂದು ಸಾಕ್ಷಿ ಹೇಳಿದ. ಸಮಿತಿಯವರು ಅವನನ್ನು ಬಿಡದೆ ಪ್ರಶ್ನಿಸಿದರು. ಅವರ ಕೈಯಲ್ಲಿ ಒಂದು ಬಲವಾದ ಅಸ್ತ್ರವಿತ್ತು. ಕಾಟನ್ನನ ಪ್ರೇರಣೆಯಿಂದಲೇ ಹುಟ್ಟಿದ್ದ ಮದರಾಸು ನೀರಾವರಿ ಕಂಪನಿ ತುಂಗಭದ್ರೆಯಿಂದ ಕರ್ನೂಲು, ಕಡಪಗಳ ಕಡೆಗೆ ಕಾಲುವೆ ತೋಡಿತ್ತು. ಅದಕ್ಕೂ ಹತ್ತು ಲಕ್ಷ ಪೌಂಡ್ ಬಂಡವಾಳದ ಮೇಲೆ ಸರಕಾರದ ಖಾತರಿ ಇತ್ತು. ಅಂದುಕೊಂಡ ಮಟ್ಟಿಗೆ ರೈತರು ನೀರು ಕೊಳ್ಳಲಿಲ್ಲ, ದೋಣಿಗಳೂ ಓಡಲಿಲ್ಲ. ಕೊನೆಗೆ 1882ರಲ್ಲಿ ಸರಕಾರವೇ ಅದನ್ನು ಕೊಳ್ಳಬೇಕಾಯಿತು. ಡೆಲ್ಟಾದ ಸಪಾಟು ನೆಲದಲ್ಲಿ ಗೆದ್ದ ಕಾಲುವೆ ದಖ್ಖನ್ನಿನ ಕಲ್ಲುನೆಲದಲ್ಲಿ ಸೋತಿತ್ತು. ಏರುತಗ್ಗಿನ ಮೈಸೂರು ಸೀಮೆಯಲ್ಲಿ ದೋಣಿ ಸಾಗುವ ಕಾಲುವೆ ಎಷ್ಟು ಸಾಧ್ಯವಿತ್ತು ಎಂಬ ಪ್ರಶ್ನೆಯನ್ನು ಕಾಟನ್ನನ ಅಭಿಮಾನಿಗಳು ಹೆಚ್ಚಾಗಿ ಕೇಳಿಕೊಳ್ಳುವುದಿಲ್ಲ.

ಸರಕಾರ ಕ್ಷಾಮದಿಂದ ಕಲಿತ ಪಾಠ ಇನ್ನಷ್ಟು ಹಳಿ ಹಾಕಬೇಕೆಂಬುದು. 1880ರ ಕ್ಷಾಮ ಆಯೋಗ ಕೂಡಲೇ 5,000 ಮೈಲಿ ಹೊಸ ಹಳಿ ಬೇಕೆಂದು ಶಿಫಾರಸು ಮಾಡಿತು. ಅದೇ ವರದಿಯಿಂದ ಕ್ಷಾಮದ ಕಾಲದಲ್ಲಿ ಕೆಲಸ, ಕೂಲಿ, ಗಂಜಿ ಹೇಗೆ ಒದಗಿಸಬೇಕೆಂಬ ಕ್ಷಾಮ ಸಂಹಿತೆಗಳೂ ಹುಟ್ಟಿದವು. 1882ರಲ್ಲಿ ಸದರ್ನ್ ಮರಾಠಾ ರೈಲ್ವೆ ಕಂಪನಿ ಸ್ಥಾಪನೆಯಾಗಿ ಧಾರವಾಡ, ಹುಬ್ಬಳ್ಳಿ, ಗದಗ, ಬಳ್ಳಾರಿಗಳ ಬರಡು ಸೀಮೆಗೆ ಹಳಿ ಬಂತು. ಮೈಸೂರಿನಲ್ಲಿ ಬೆಂಗಳೂರಿನಿಂದ ರಾಜಧಾನಿಗೆ ಹೋಗುವ ಮೀಟರ್ ಗೇಜ್ ಹಳಿ 1881, 1882ರಲ್ಲಿ ಹಂತಹಂತವಾಗಿ ತೆರೆಯಿತು. ಮದರಾಸಿನಿಂದ ಬಂದ ಹಳಿ ಅಗಲದ ಬ್ರಾಡ್ ಗೇಜ್, ಮೈಸೂರಿನದು ಕಿರಿದು. ಆದ್ದರಿಂದ ಮದರಾಸಿನ ಮೂಟೆಯನ್ನು ಬೆಂಗಳೂರಿನಲ್ಲಿ ಇಳಿಸಿ ಮತ್ತೆ ಏರಿಸಬೇಕಿತ್ತು. ಈ ಹೊರೆ ನೂರು ವರ್ಷಕ್ಕೂ ಮಿಕ್ಕಿ ಮುಂದುವರಿಯಿತು.

1881ರ ಮಾರ್ಚ್‌ನಲ್ಲಿ ಮೈಸೂರು ಮತ್ತೆ ಒಡೆಯರ ಕೈಗೆ ಬಂದಾಗ ಅದರ ತಲೆಯ ಮೇಲೆ ಕ್ಷಾಮದ 80 ಲಕ್ಷ ರೂಪಾಯಿ ಸಾಲವಿತ್ತು. ಮೊದಲ ದಿವಾನ ರಂಗಾಚಾರ್ಲು ಮದರಾಸಿನ ಬಳಿಯ ಚೆಂಗಲ್ಪಟ್ಟು ಜಿಲ್ಲೆಯವರು, ಮದರಾಸಿನಲ್ಲಿ ಓದಿದವರು. ಇಷ್ಟು ಸಾಲದ ನಡುವೆಯೂ ಹಳಿಯನ್ನು ಒಳನಾಡಿಗೆ ಒಯ್ಯುವುದು ಅವರ ಆಡಳಿತದ ಮೊದಲ ಕೆಲಸಗಳಲ್ಲಿ ಒಂದಾಯಿತು. ಅವರ ನಂತರ ಬಂದ ಶೇಷಾದ್ರಿ ಅಯ್ಯರ್ ಕಾಲದಲ್ಲಿ, 1886ರಲ್ಲಿ, ಮೈಸೂರಿನ ಹಳಿಗಳನ್ನು ಸದರ್ನ್ ಮರಾಠಾ ಕಂಪನಿಗೆ ಒಪ್ಪಿಸಿ ಲಂಡನ್ನಿನಲ್ಲಿ ಸಾಲ ಎತ್ತಲಾಯಿತು. 1889ರ ಹೊತ್ತಿಗೆ ಹಳಿ ತುಮಕೂರು, ಬೀರೂರು ದಾಟಿ ಹರಿಹರ ತಲುಪಿತು. 1876ರಲ್ಲಿ ಇದ್ದಿದ್ದರೆ ಎಷ್ಟು ಜೀವ ಉಳಿಯುತ್ತಿದ್ದವೋ ಆ ಹಳಿ ಹದಿಮೂರು ವರ್ಷ ತಡವಾಗಿ, ಸಾಲದ ಮೇಲೆ ಬಂತು. ಈ ಕಥೆಯ ಆಡಳಿತದ ಮುಖವನ್ನು ಎಂ. ಶಾಮರಾಯರ 1936ರ ಆಧುನಿಕ ಮೈಸೂರಿನ ಇತಿಹಾಸದಲ್ಲಿ, ಹಯವದನರಾಯರು 1927ರಿಂದ 1930ರವರೆಗೆ ಹೊರತಂದ ಗೆಜೆಟಿಯರಿನ ಸಂಪುಟಗಳಲ್ಲಿ ಓದಬಹುದು.

1908ರಲ್ಲಿ ಮದರಾಸು ಮತ್ತು ಸದರ್ನ್ ಮರಾಠಾ ಕಂಪನಿಗಳು ಒಂದಾದವು. ಕೇಂದ್ರ ಕಚೇರಿ ಮದರಾಸು. 1951ರ ಏಪ್ರಿಲ್ 14ರಂದು ಆ ಕಂಪನಿಯ ಹಳಿ, ಸೌತ್ ಇಂಡಿಯನ್ ರೈಲ್ವೆ ಮತ್ತು ಮೈಸೂರು ರೈಲ್ವೆ ಮೂರೂ ಸೇರಿ ದಕ್ಷಿಣ ರೈಲ್ವೆಯಾದಾಗಲೂ ಕೇಂದ್ರ ಕಚೇರಿ ಮದರಾಸೇ. ಹುಬ್ಬಳ್ಳಿಯಲ್ಲಿ ನೈಋತ್ಯ ರೈಲ್ವೆ ಕಾರ್ಯಾರಂಭ ಮಾಡಿದ್ದು 2003ರಲ್ಲಿ. ಹೀಗಾಗಿ ಕನ್ನಡ ನಾಡಿನ ಹಳಿಗಳ ಇತಿಹಾಸ ಬರೆಯುವವರು ಮೈಸೂರಿನ ದಫ್ತರಗಳ ಜೊತೆ ಚೆನ್ನೈನ ಎಗ್ಮೋರಿನ ಪತ್ರಾಗಾರವನ್ನೂ ನೋಡಲೇಬೇಕು. ಹಳಿ ಹಾಕಿದವರ ಕಾಗದಗಳು ಅಲ್ಲಿವೆ, ಬಳ್ಳಾರಿಯ ಕಲೆಕ್ಟರರು ಬರದ ದಿನಗಳಲ್ಲಿ ಮದರಾಸಿಗೆ ಬರೆದ ಕಾಗದಗಳ ಜಾಗವೂ ಅದೇ.

ಹತ್ತೊಂಬತ್ತನೇ ಶತಮಾನ ಮುಗಿಯುವಾಗ ಈ ಜಗಳ ರಾಷ್ಟ್ರೀಯ ಚಳವಳಿಯ ಮಾತಾಯಿತು. ದಾದಾಭಾಯಿ ನವರೋಜಿ 1901ರಲ್ಲಿ, ರಮೇಶಚಂದ್ರ ದತ್ತ 1902 ಮತ್ತು 1904ರಲ್ಲಿ ಪ್ರಕಟಿಸಿದ ಪುಸ್ತಕಗಳಲ್ಲಿ ಖಾತರಿಯ ಬಡ್ಡಿ ಭಾರತದ ಸಂಪತ್ತು ಸೋರಿಹೋಗುವ ಒಂದು ದಾರಿಯಾಗಿ ಕಾಣಿಸಿಕೊಳ್ಳುತ್ತದೆ. ರೈಲಿಗೆ ಹಾಕಿದ ಹಣದ ಮುಂದೆ ನೀರಾವರಿಗೆ ಹಾಕಿದ ಹಣ ಎಷ್ಟು ಚಿಕ್ಕದೆಂದು ದತ್ತರು ಲೆಕ್ಕ ಇಟ್ಟು ತೋರಿಸಿದರು. ಕಾಟನ್ 1899ರಲ್ಲಿ ತೀರಿಕೊಂಡ. ಮರುವರ್ಷ ಅವನ ಮಗಳು ಲೇಡಿ ಹೋಪ್ ತಂದೆಯ ಜೀವನಚರಿತ್ರೆ ಪ್ರಕಟಿಸಿದಳು. ಅದರಲ್ಲಿ ಕ್ಷಾಮ ತಡೆಯುವ ಬಗೆಯನ್ನು ಕುರಿತ ಭಾಗವನ್ನು ಬರೆದುಕೊಟ್ಟವನು ವಿಲಿಯಂ ಡಿಗ್ಬಿ. ಮದರಾಸಿನ ಮೊದಲ ಹಳಿ ಹಾಕಿಸಿದವನೂ, ಆ ಹಳಿಯ ಬುಡದಲ್ಲಿ ಜನ ಸತ್ತದ್ದನ್ನು ದಾಖಲಿಸಿದವನೂ ಕೊನೆಗೆ ಒಂದೇ ರಟ್ಟಿನೊಳಗೆ ಸೇರಿದರು.

ಇತ್ತೀಚಿನ ವಿದ್ವಾಂಸರು ಹಳೆಯ ವಾದಿಗಳಷ್ಟು ಒಂದೇ ಕಡೆಗೆ ವಾಲುವುದಿಲ್ಲ. ಮಿಶೆಲ್ ಮ್ಯಾಕಾಲ್ಪಿನ್ 1983ರ ತಮ್ಮ ಪುಸ್ತಕದಲ್ಲಿ ಪಶ್ಚಿಮ ಭಾರತದಲ್ಲಿ ಹಳಿ ಹರಡಿದಂತೆ ಕ್ಷಾಮದ ಹೊಡೆತ ತಗ್ಗಿತು ಎಂದು ವಾದಿಸಿದರು. ರಾಬಿನ್ ಬರ್ಗೆಸ್ ಮತ್ತು ಡೇವ್ ಡೊನಾಲ್ಡ್‌ಸನ್ 2010ರಲ್ಲಿ ಜಿಲ್ಲೆಜಿಲ್ಲೆಯ ಮಳೆ ಮತ್ತು ಹಳಿಯ ಲೆಕ್ಕ ಹಿಡಿದು, ಹಳಿ ಬಂದ ಮೇಲೆ ಮಳೆ ಕೈಕೊಟ್ಟರೂ ಕ್ಷಾಮ ಮೊದಲಿನಷ್ಟು ಭೀಕರವಾಗಲಿಲ್ಲ ಎಂಬ ತೀರ್ಮಾನಕ್ಕೆ ಬಂದರು. ಮೈಕ್ ಡೇವಿಸ್ 2001ರಲ್ಲಿ ಡಿಗ್ಬಿಯ ಸಂಪುಟಗಳನ್ನೇ ಮತ್ತೆ ತೆರೆದು ಸಾಮ್ರಾಜ್ಯದ ಮೇಲೆ ಆರೋಪ ಹೊರಿಸಿದರು. ಇವರೆಲ್ಲರ ನಡುವೆ ದಾರಿ ತೋರಿಸುವುದು 1981ರಲ್ಲಿ ಬಂದ ಅಮರ್ತ್ಯ ಸೇನ್ ಅವರ ವಿವರಣೆ. ಊರಿನಲ್ಲಿ ಆಹಾರ ಇರುವುದು ಬೇರೆ, ಅದನ್ನು ಪಡೆಯುವ ಶಕ್ತಿ ಮನೆಯವರಿಗೆ ಇರುವುದು ಬೇರೆ. ಹಳಿ ಮೊದಲನೆಯದನ್ನು ತರಬಲ್ಲದು. ಎರಡನೆಯದಕ್ಕೆ ಕೂಲಿ ಬೇಕು, ಗಂಜಿ ಬೇಕು, ಜನರಿಗೆ ಉತ್ತರ ಕೊಡುವ ಸರಕಾರ ಬೇಕು.

ಈ ಬೆಳಕಿನಲ್ಲಿ ನೋಡಿದರೆ ಹಳೆಯ ಪುಸ್ತಕಗಳು ಒಂದನ್ನೊಂದು ಸುಳ್ಳು ಮಾಡುವುದಿಲ್ಲ. ಮ್ಯಾಕಾಲ್ಪಿನ್ ಮತ್ತು ಬರ್ಗೆಸ್ ಹಲವು ದಶಕಗಳ ಸರಾಸರಿ ಹೇಳುತ್ತಾರೆ. ಡಿಗ್ಬಿ ಎರಡು ವರ್ಷಗಳಲ್ಲಿ ನಿಲ್ದಾಣದ ಹೊರಗೆ ನಿಂತವರನ್ನು ತೋರಿಸುತ್ತಾನೆ. ಸರಾಸರಿಯಲ್ಲಿ ಹಳಿ ಗೆದ್ದಿದೆ. ಧಾತು ಈಶ್ವರದ ಎರಡು ವರ್ಷಗಳಲ್ಲಿ, ಹಳಿ ಅರ್ಧ ದಾರಿಗೆ ಬಂದು ನಿಂತ ಮೈಸೂರಿನಲ್ಲಿ, ಅದು ಸೋತಿತು. ಅರ್ಧ ದಾರಿಗೆ ನಿಂತದ್ದಕ್ಕೂ ಕಾರಣವಿತ್ತು. ಆ ಹಳಿಯನ್ನು ಹಾಕಿದ್ದು ಬಂದರನ್ನೂ ದಂಡನ್ನೂ ಕೂಡಿಸಲು, ಮತ್ತು ಮದರಾಸನ್ನು ಬೊಂಬಾಯಿಗೆ ಜೋಡಿಸಲು. ಹಸಿದ ಹಳ್ಳಿ ಆ ನಕ್ಷೆಯಲ್ಲಿ ಇರಲೇ ಇಲ್ಲ.

ಬರ ಮದರಾಸು ನಗರದಲ್ಲೂ ಒಂದು ಗುರುತು ಬಿಟ್ಟುಹೋಯಿತು. ನಗರದ ಉತ್ತರಕ್ಕೆ ಎಣ್ಣೂರಿನ ಕಡೆ 1806ರಲ್ಲೇ ತೋಡಿದ್ದ ದೋಣಿಯ ಕಾಲುವೆಯೊಂದಿತ್ತು. 1877-78ರಲ್ಲಿ ಹಸಿದು ಬಂದ ಜನರಿಂದ, ಪರಿಹಾರ ಕಾಮಗಾರಿಯಾಗಿ, ಕೂವಂ ನದಿಯಿಂದ ಅಡ್ಯಾರ್ ನದಿಯವರೆಗೆ ಸುಮಾರು 8 ಕಿಲೋಮೀಟರ್ ಕಾಲುವೆ ತೋಡಿಸಿ ಉತ್ತರದ ಕಾಲುವೆಯನ್ನೂ ದಕ್ಷಿಣದ ಕಾಲುವೆಯನ್ನೂ ಜೋಡಿಸಿದರು. ಗವರ್ನರನ ಹೆಸರಿನಲ್ಲಿ ಅದು ಬಕಿಂಗ್‌ಹ್ಯಾಮ್ ಕಾಲುವೆಯಾಯಿತು. ಆಂಧ್ರದ ಕರಾವಳಿಯ ಪೆದ್ದಗಂಜಾಂನಿಂದ ತಮಿಳುನಾಡಿನ ಮರಕ್ಕಾಣಂವರೆಗೆ ಹಲವು ದಶಕ ಅದರಲ್ಲಿ ಕಟ್ಟಿಗೆ, ಉಪ್ಪು, ಧಾನ್ಯ ಹೊತ್ತ ದೋಣಿಗಳು ಓಡಾಡಿದವು. ಕಾಟನ್ ಕನಸು ಕಂಡಂಥದೇ ಕಾಲುವೆ, ಆದರೆ ಅದನ್ನು ತೋಡಿಸಿದ್ದು ಅವನ ವಾದವಲ್ಲ, ಬರ.

ಇಪ್ಪತ್ತನೇ ಶತಮಾನದ ಕೊನೆಗೆ ಆ ಕಾಲುವೆಯಲ್ಲಿ ದೋಣಿಗಳು ಉಳಿಯಲಿಲ್ಲ, ಚರಂಡಿಯ ನೀರು ಉಳಿಯಿತು. ಚೆನ್ನೈಗೆ ಮೇಲ್ಸೇತುವೆಯ ರೈಲು ಬೇಕಾದಾಗ ಜಾಗ ಸಿಕ್ಕಿದ್ದೂ ಅಲ್ಲಿಯೇ. ಬೀಚ್ ನಿಲ್ದಾಣದಿಂದ ಚೇಪಾಕ್‌ವರೆಗೆ 1995ರಲ್ಲಿ, ಮೈಲಾಪುರದವರೆಗೆ 1997ರಲ್ಲಿ, ವೇಳಚೇರಿಯವರೆಗೆ 2007ರಲ್ಲಿ ಗಾಡಿ ಓಡತೊಡಗಿತು. ಅದರ ಕಾಂಕ್ರೀಟ್ ಕಂಬಗಳು ಬಹುದೂರ ಕಾಲುವೆಯ ಒಡಲಲ್ಲೇ ಊರಿ ನಿಂತಿವೆ. ಬರದ ದಿನಗಳಲ್ಲಿ ಪರಿಹಾರದ ಕೂಲಿಗೆ ಮಣ್ಣು ಹೊತ್ತವರು ತೋಡಿದ ನೆಲದ ಮೇಲೆ ಈಗ ಹಳಿ ಹಾದುಹೋಗುತ್ತದೆ. ಅವರು ಯಾರು, ಯಾವ ಊರಿನಿಂದ ಬಂದವರು, ಎಷ್ಟು ಮಂದಿ ತಿರುಗಿ ಊರು ಸೇರಿದರು ಎಂಬುದಕ್ಕೆ ಅಲ್ಲಿ ಒಂದು ಕಲ್ಲೂ ಇಲ್ಲ. ಅವರನ್ನು ಹುಡುಕಬೇಕಾದರೆ ಮತ್ತೆ ಡಿಗ್ಬಿಯ ಎರಡು ಸಂಪುಟಗಳನ್ನೇ ತೆರೆಯಬೇಕು.